ಒಂದು ಚಂದ್ರಿಕೆ ಬಾಕಿ

ಬಾಡಿಗೆ ಪುಸ್ತಕದಲ್ಲಿ ಎಲ್ಲರ ಹೆಸರಿನೆದುರು
ನಲವತ್ತು, ಅರವತ್ತು, ಬೆಳೆ ಜೋರಿದ್ದರೆ ನೂರು.
ಜೆರಾಕ್ಸ್ ಅಂಗಡಿಯ ನವನೀತಾ, ಮೇಲೂರು: ಒಂದು.
ಇಡೀ ಶಿಡ್ಲಘಟ್ಟದಲ್ಲಿ ಒಂದೇ ಚಂದ್ರಿಕೆ ಕೇಳಿದವಳು.
ಒಂದರಲ್ಲಿ ಎಷ್ಟು ಹುಳ ಬಿಡ್ತೀಯಮ್ಮ ಅಂದರೆ
ಹುಳ ಇಲ್ಲ ಮಾವ, ಸಿನಿಮಾ, ಅಂದಳು.
ಕುಡಿಯುತ್ತಿದ್ದ ಟೀ ನೆತ್ತಿಗೆ ಹತ್ತಿತು.

ಬೆನ್ನೊಡೆದ ಫೋನು, ಅದಕ್ಕೆ ರಬ್ಬರ್ ಬ್ಯಾಂಡು,
ಅದು ನಿಲ್ಲಲು ಅವರಮ್ಮನ ಶಾವಿಗೆ ಒತ್ತುವ ಮುಕ್ಕಾಲಿ.
ವ್ಯಾಪಾರಸ್ಥ ನಾನು, ಖರ್ಚಿನ ಲೆಕ್ಕ ಕೇಳಿದೆ.
ಟೀ, ಬನ್ನು, ಮೆಹತಾಬಿಗೆ ಎಲೆ ಅಡಿಕೆ.

ಮೆಹತಾಬಿ ಕುದಿನೀರಿನ ಮುಂದೆ ಮೂವತ್ತು ವರ್ಷ ಕೂತವಳು.
ಮುಖ ಬೇಡ, ಬೆರಳಾದರೆ ತಗೋ ಅಂದಿದ್ದಳು.
ತಗೊಂಡಿದ್ದಾಳೆ ಇವಳು, ಹನ್ನೊಂದು ನಿಮಿಷ,
ಬರೀ ಬೆರಳು: ನೆಂದು ಬಿಳಿಚಿ ಸುಕ್ಕಾದದ್ದು,
ಹಬೆಯೊಳಗೆ ಗೂಡಿನ ತುದಿ ಹುಡುಕುವುದು,
ಸಿಕ್ಕಿದರೂ ಸಿಕ್ಕಿತು ಅನ್ನದಿರುವುದು.

ಸದ್ದು ಬೇರೆ ಕಡೆಯದು. ನಾಲ್ಕನೇ ಜ್ವರ ಎದ್ದ ಹುಳಗಳು
ರಾತ್ರಿ ಸೊಪ್ಪು ತಿನ್ನುವುದನ್ನು ಹಿಡಿದು ತಂದು
ಮನೆಯಲ್ಲಿ ಕೇಳಿಸಿದಾಗ ಅವಳ ಅತ್ತಿಗೆ
ಒಣಹಾಕಿದ ಮೆಣಸಿನಕಾಯಿ ತರಲು
ಮಾಳಿಗೆಗೆ ಓಡಿದಳಂತೆ.

ಶುಕ್ರವಾರ, ಕರೆಂಟು ಬಂದ ಮೇಲೆ, ನನ್ನ ಗೋಡೌನಿನಲ್ಲಿ
ಗೋಡೆಗೊರಗಿಸಿದ ಚಂದ್ರಿಕೆ, ಮೇಲೆ ಅವರಪ್ಪನ ಪಂಚೆ.
ಏಳು ಜನ. ಪ್ರೊಜೆಕ್ಟರು ಶಾಲೆಯದು, ಯಾರಿಗೂ ಹೇಳಬಾರದಂತೆ.
ಪಂಚೆಯ ಹಿಂದಿನಿಂದ ಬಿದಿರಿನ ಸುತ್ತುಗಳು ಮೂಡಿ
ಮೆಹತಾಬಿಯ ಬೆರಳುಗಳು ಹುಳದ ದಾರಿಯಲ್ಲೇ
ಸುತ್ತಿ ಸುತ್ತಿ ಹೋಗುತ್ತಿದ್ದವು. ಯಾರೂ ಕೆಮ್ಮಲಿಲ್ಲ.
ಕೊನೆಗೆ ಎಳೆ ತುಂಡಾಯಿತು.
ಕತ್ತಲೆ.

ಮೆಹತಾಬಿ ಎದ್ದು ನಿಂತಳು:
ತುಂಡಾದದ್ದು ತೋರಿಸಿದೆ, ಗಂಟು ಹಾಕಿದ್ದು ಎಲ್ಲಿ?
ಬಿಟ್ಟು ಎದ್ದು ಹೋದೆ ಅಂದ್ಕೋತಾರಲ್ಲ ಜನ.
ಅಷ್ಟೊತ್ತಿಗೆ ಮೆಮೊರಿ ತುಂಬಿತ್ತಕ್ಕ, ಅಂದಳು ಇವಳು
ನೆಲ ನೋಡುತ್ತ.

ಈಗ ಹುಳ ಹಣ್ಣಾಗುವ ವಾರ. ಎಷ್ಟಿದ್ದರೂ ಚಂದ್ರಿಕೆ ಸಾಲದು.
ವಸೂಲಿಗೆಂದೇ ಫಿಲೇಚರಿಗೆ ಹೋದೆ.
ಬಂದಿರಾ, ಹಿಡ್ಕೊಳ್ಳಿ ಮಾವ, ಅಂತ ಪಂಚೆ ಸಮೇತ
ಚಂದ್ರಿಕೆ ನನ್ನ ಕೈಗೇ ಕೊಟ್ಟಳು.
ಕಿಟಕಿಯ ಬಿಸಿಲು ತಿರುಗಿ ಬೆರಳ ಮೇಲೆ ಬೀಳಬೇಕಂತೆ.
ಗಂಟೆಂಬುದು ಕಣ್ಣು ಮಿಟುಕಿಸುವಷ್ಟರದು. ನಾಲ್ಕು ಸಲ ತಪ್ಪಿತು.
ಎಡಕ್ಕೆ ಮಾವ. ಇನ್ನೂ ಎಡಕ್ಕೆ.
ನನ್ನ ರಟ್ಟೆ ಬಿದ್ದುಹೋಗುತ್ತಿತ್ತು.
ಮೆಹತಾಬಿ ಬೇಕೆಂದೇ
ಇನ್ನೊಂದು ಎಳೆ ಹರಿದಳು.