ರೈಟ್ ಪೋಯಿ

ಹಗ್ಗ ಬಿಗಿಯಾದರೆ ನಿಲ್ಲಿ, ಸಡಿಲಾದರೆ ನಡೆಯಿರಿ,
ಇಷ್ಟೇ ವಿದ್ಯೆ, ಅಂದಿದ್ದಳು ಕೆಳಮನೆಯ ಜೆಸಿಂತಾ.
ಇಷ್ಟಕ್ಕೇ ಸೋಣ ತಿಂಗಳು ಪೂರ್ತಿ ಹೋಯಿತು.

ಬೊಕ್ಕಪಟ್ಣದ ಮಾರ್ಗದಲ್ಲಿ ಬೆಳಗ್ಗೆ ಆರಕ್ಕೆ
ಬೊಳ್ಳು ಮುಂದೆ, ಅದರ ಹಿಂದೆ ನನ್ನ ಬಲಭುಜ,
ಉಳಿದ ನಾನು ಆಮೇಲೆ.
ಮೀನಿನ ಲಾರಿ ನೀರು ಸೋರಿಸಿಕೊಂಡು ಹೋದ ಗೆರೆ
ಅದಕ್ಕೆ ಹೆದ್ದಾರಿ.

ನಿಂತೆ, ಕರೆಂಟು ಕಂಬದ ಹಾಗೆ.
ಎರಡು ಹೆಜ್ಜೆ ನಡೆದೆ. ನಿಂತೆ.
ಹಾಲಿನ ಪ್ಯಾಕೆಟು ಹಿಡಿದ ಹುಡುಗ ಕೇಳಿದ,
"ದೂಮಣ್ಣ, ಬಸ್ಸಿಗೆ ಕಾಯುವುದಾ?"
ಮೂವತ್ತೊಂದು ವರ್ಷ ಬಸ್ಸೇ ಕಾದದ್ದು ಮಾರಾಯ,
ನನ್ನ ವಿಸಿಲ್ಲಿಗೆ.

'ಹೀಲ್' ಅನ್ನಬೇಕಂತೆ. ಹಿಮ್ಮಡಿ ಅಂತ ಅರ್ಥವಂತೆ.
ಬಂದರಿನ ಗುಜರಿ ಅಂಗಡಿಯ ತಗಡಿನಡಿ ಹುಟ್ಟಿದ ನಾಯಿಗೆ
ತುಳು ಬಿಟ್ಟು ಬೇರೆ ಬರುವುದಿಲ್ಲ.
'ಉಂತು' ಅಂದೆ, ಒಂದು ಕಿವಿ ತಿರುಗಿಸಿತು.
'ಪೋಯಿ' ಅಂದೆ, ಹೋಯಿತು,
ಜೊತೆಗೆ ನಾನೂ. ಒಂದು ಚಪ್ಪಲಿ ಮಾತ್ರ ಉಳಿಯಿತು.

ಕಿಸೆಯಲ್ಲಿ ಒಣ ಎಟ್ಟಿ. ಎಡಗಾಲಿನ ಪಕ್ಕ ಬಂದರೆ ಒಂದು,
ತಲೆಯೆತ್ತಿ ನನ್ನ ಮುಖ ನೋಡಿದರೆ ಇನ್ನೊಂದು.
ಈ ಅಂಗಿ ನಾನು ಒಗೆಯುವುದಿಲ್ಲ ಅಂದಿದ್ದಾಳೆ ಗುಲಾಬಿ.
ಗೇಟಿನಿಂದಲೇ ನೋಡುತ್ತಿದ್ದ ಜೆಸಿಂತಾ ಅಂದಳು,
"ನಾಯಿ ಎಲ್ಲಿ ಎಳೆಯುತ್ತದೆ ದೂಮಣ್ಣ,
ನೀವಲ್ಲವಾ ಎಳೆಯುವುದು."

ಹೌದು. ಕಾಯುವುದು ನನಗೇ ಗೊತ್ತಿರಲಿಲ್ಲ.
ಹಿಂದಿನ ಬಸ್ಸಿಗೂ ನಮಗೂ ಮೂರೇ ನಿಮಿಷ.
ಜನರ ಒಂದು ಕಾಲು ಮೆಟ್ಟಿಲಲ್ಲಿ, ಒಂದು ಮಾರ್ಗದಲ್ಲಿ
ಇದ್ದಾಗಲೇ ನನ್ನದು ಡಬಲ್ ವಿಸಿಲ್.
ಕುದ್ರೋಳಿಯಲ್ಲಿ ಒಮ್ಮೆ ಒಬ್ಬಳು
ಬುಟ್ಟಿ ಸಮೇತ ಇಳಿಯುತ್ತಿದ್ದಳು.
ಬಿದ್ದಳು ಅನ್ನುವಂತಿಲ್ಲ, ಮೊಣಕಾಲು ಊರಿದಳು.
ಬಂಗುಡೆಗಳು ಮಾರ್ಗದ ಉದ್ದಕ್ಕೂ ಹೊಳೆಯುತ್ತಿದ್ದವು.
ಬೈಯಲಿಲ್ಲ. ಬೈದಿದ್ದರೆ ಮರೆತುಬಿಡುತ್ತಿದ್ದೆ.
ಫುಟ್‌ಬೋರ್ಡಿನಲ್ಲಿ ಜೋತಾಡುತ್ತ, ಬಾಯಲ್ಲಿ ವಿಸಿಲ್ಲು ಕಚ್ಚಿ
ಅವಳು ಸಣ್ಣಗಾಗುತ್ತ ಹೋಗುವುದನ್ನು ನೋಡಿದೆ.

ಇವತ್ತು ಮಾರ್ಕೆಟಿನ ತಿರುವಿನಲ್ಲಿ, ಯಾಕೋ,
ನಮ್ಮಿಬ್ಬರ ನಡುವೆ ಹಗ್ಗ ಜೋತುಬಿತ್ತು,
ಬಟ್ಟೆ ತೆಗೆದಾದ ಮೇಲಿನ ಬಳ್ಳಿಯಂತೆ.
ಬೆಕ್ಕೊಂದು ಅಡ್ಡ ಹೋಯಿತು. ಜೋತೇ ಇತ್ತು.
ನನ್ನ ಹಳೆಯ ರೂಟಿನ ಬಸ್ಸು ಬಂತು. ಹೊಸ ಹುಡುಗ
ತಗಡಿಗೆ ಎರಡು ಬಡಿದು 'ರೈಟ್ ಪೋಯಿ' ಅಂದ.
ಹೊರಡಲು ಕಾಲೆತ್ತಿದ ಬೊಳ್ಳು
ನನ್ನ ಕಡೆ ನೋಡಿತು.

ನಾನಾಗ ಚರಂಡಿಯ ಚಪ್ಪಡಿ ದಾಟುತ್ತಿದ್ದೆ,
ಒಂದು ಕಾಲು ಆಚೆ,
ಮಂಡಿ ನೋವಿನದು ಇನ್ನೂ ಈಚೆ.
ಎತ್ತಿದ ಕಾಲನ್ನು ಎತ್ತಿಯೇ ಹಿಡಿದುಕೊಂಡು
ಅದು ನಿಂತಿತು.

ಎಟ್ಟಿ ಮುಗಿದಿತ್ತು.
ಬರಿ ಬೆರಳನ್ನೇ ಮೂಸಲು ಕೊಟ್ಟೆ.