ನಕ್ಷೆ ಕೋಣೆಯ ಬೀಗದ ಕೈ

ಚಿಂತಾಮಣಿಯ ಕಾಲೇಜಿನಲ್ಲಿ ಭೂಗೋಳ ಎಂದರೆ
ಮೊದಲು ಒಂದು ವಾಸನೆ:
ಬಟ್ಟೆಗೆ ಅಂಟಿಸಿದ ನಕ್ಷೆಗಳ ಗೋಂದು, ನುಸಿಗುಳಿಗೆ, ಇಲಿ ಹಿಕ್ಕೆ.
ನಾನು ಪಿಳ್ಳಪ್ಪ, ಅಟೆಂಡರು.
ಮೂವತ್ತೇಳು ವರ್ಷ ಈ ಲೋಕವನ್ನು
ಮೊಳೆಗೆ ತಗುಲಿಸಿದ್ದೇನೆ,
ಗಂಟೆ ಹೊಡೆದ ಮೇಲೆ ಸುರುಳಿ ಸುತ್ತಿ ಒಳಗಿಟ್ಟಿದ್ದೇನೆ.

ನರಸಿಂಗರಾಯರ ಕಾಲಕ್ಕೆ ಅದು ಬಾಯಿಪಾಠ.
ಭೂಶಿರ, ಕೊಲ್ಲಿ, ರಾಜಧಾನಿ,
ಅಲ್ಲಿ ಬೆಳೆಯುವುದು, ಇಲ್ಲಿ ಅಗೆದರೆ ಸಿಗುವುದು.
ಉಷ್ಣದೇಶದವರು ಸೋಮಾರಿಗಳು, ಚಳಿದೇಶದವರು ಸಾಹಸಿಗಳು
ಎಂದು ಹಳೇ ಪುಸ್ತಕದಲ್ಲೇ ಇತ್ತು, ಓದಿ ಹೇಳುತ್ತಿದ್ದರು
ಏಪ್ರಿಲ್ಲಿನಲ್ಲಿ, ಫ್ಯಾನಿಲ್ಲದ ಕ್ಲಾಸಿನಲ್ಲಿ.
ಹೊರಗೆ ಜಲ್ಲಿ ಒಡೆಯುವ ಹೆಂಗಸರ ಸುತ್ತಿಗೆ
ಟಕ್ ಟಕ್ ಅನ್ನುತ್ತಿತ್ತು.
ಯಾರೂ ನಗಲಿಲ್ಲ.

ಆಮೇಲೆ ಬಂದರು ಖಾದರ್ ಬಾಷಾ, ಎಣಿಸುವವರು.
ಜೇಬಲ್ಲಿ ಕ್ಯಾಲ್ಕುಲೇಟರು, ಕಿವಿಯ ಮೇಲೆ ಪೆನ್ಸಿಲು.
"ಪಿಳ್ಳಪ್ಪ, ಊರುಗಳು ಸುಮ್ಮನೆ ಹುಟ್ಟಿಲ್ಲ,
ಲೆಕ್ಕವಿದೆ" ಎಂದು
ತಾಲೂಕಿನ ಮೇಲೆ ಆರು ಮೂಲೆಯ ಜೇನುಗೂಡು ಬರೆದರು.
ಅದನ್ನು ರುಜು ಮಾಡಲು ಸಂತೆಗೆ ಹೋದೆವು.
ಬಳೆ ಮಾರುವವಳನ್ನು ಕೇಳಿದೆವು:
ಎಷ್ಟು ಮೈಲಿಯಿಂದ ಬಂದೆ, ಯಾಕಮ್ಮ ಈ ಸಂತೆಗೇ?
"ಹತ್ತಿರದ ಸಂತೇಲಿ ನನ್ನ ಗಂಡನ ಎರಡನೇ ಹೆಂಡ್ತಿ
ಅಂಗಡಿ ಇಡ್ತಾಳೆ ಸ್ವಾಮಿ."
ಸಾರ್ ಪೆನ್ಸಿಲು ಕಚ್ಚಿದರು. ಅದಕ್ಕೆ ಕಾಲಂ ಇರಲಿಲ್ಲ.
"ಇತರೆ" ಎಂದು ಬರೆದುಕೊಂಡರು.

ನಡುನಡುವೆ ದೇಶಗಳೇ ಒಡೆದವು.
ಸೋವಿಯತ್ತಿನ ಮೇಲೆ ಬಿಳಿ ಕಾಗದ ಮೆತ್ತಿ
ಹದಿನೈದು ಹೆಸರು ಬರೆದೆ.
ಎರಡು ಸಾವಿರದ ಏಳಕ್ಕೆ ನಮ್ಮದೇ ಸರದಿ,
ಕೋಲಾರ ಎರಡಾಯಿತು. ಕೆಂಪು ಮಸಿಯಲ್ಲಿ ಗೆರೆ ಎಳೆಯುವಾಗ
ಕೈ ನಡುಗಿ
ನನ್ನತ್ತೆಯ ಊರು ಒಂದಿಡೀ ದಿನ
ಎರಡೂ ಜಿಲ್ಲೆಯಲ್ಲಿತ್ತು.

ನನ್ನಪ್ಪ ನೀರಗಂಟಿ. ಈ ಮೆಟ್ಟಿಲು ಹತ್ತಿದವನಲ್ಲ.
ತೂಬಿನ ಕಲ್ಲ ಮೇಲೆ ಕೂತು
ಯಾವ ಗದ್ದೆಗೆ ಎಷ್ಟು ಹೊತ್ತು ನೀರು ಎಂದು
ಬೆರಳ ಗೆಣ್ಣಿನಲ್ಲಿ ಎಣಿಸುತ್ತಿದ್ದ.
ಮೇಲಿನ ಕೆರೆ ಕೋಡಿ ಬಿದ್ದರೆ
ನೀರಿಗಿಂತ ಮುಂಚೆ ಓಡಿ ಕೆಳಗಿನೂರಿಗೆ ಮುಟ್ಟಿಸುತ್ತಿದ್ದ.
ಇದು ಯಾವ ಸಬ್ಜೆಕ್ಟು ಸಾರ್ ಎಂದು
ನರಸಿಂಗರಾಯರನ್ನು ಒಮ್ಮೆ ಕೇಳಿದ್ದೆ.
"ಅದು ಸಬ್ಜೆಕ್ಟಲ್ಲಯ್ಯ, ಕಸುಬು" ಅಂದರು.

ಈಗ ಸೆಲ್ವರಾಣಿ ಮೇಡಂ. ಕೆ.ಜಿ.ಎಫ್. ಕಡೆಯವರು.
ಬಂದ ದಿನವೇ ಗಣಿಯ ಹಳೇ ನಕ್ಷೆ ಬಿಡಿಸಿ,
"ಚಿನ್ನದ ಎಳೆ ಎಲ್ಲೆಲ್ಲಿದೆ ಅಂತ ಗುರುತು ಹಾಕಿದ್ದಾರೆ,
ನಮ್ಮ ತಾತನ ಲೈನ್‌ಮನೆ ಎಲ್ಲಿ ತೋರಿಸಿ" ಅಂದರು.
ಇರಲಿಲ್ಲ.
ಗೋಡೆ ಈಗ ಬರಿದು, ಮೊಳೆಗಳಷ್ಟೇ.
ಹತ್ತು ಕಂಪ್ಯೂಟರು. ಆಕಾಶದಿಂದ ಇಳಿದು ಬರುವ ಚಿತ್ರ.

ಹೋದ ವಾರ ಕರೆದರು:
"ಪಿಳ್ಳಪ್ಪನವರೇ, ಇಲ್ಲೊಂದು ಕಲೆ ಇದೆಯಲ್ಲ, ಇದು ಕೆರೆಯಾಗಿತ್ತಾ?"
ಲೇಔಟಿನ ಕಲ್ಲುಗಳ ನಡುವೆ ನಡೆದೆವು.
ಉಪಗ್ರಹಕ್ಕೆ ಕಾಣದ ಇಳಿಜಾರು ಕಾಲಿಗೆ ಗೊತ್ತಿತ್ತು.
ತೂಬಿನ ಕಲ್ಲು ಯಾರದೋ ಗೇಟಿನ ಮುಂದೆ
ಸ್ಕೂಟರು ಹತ್ತಿಸುವ ಮೆಟ್ಟಿಲಾಗಿ ಮಲಗಿತ್ತು.
ಅಪ್ಪ ಕರೆಯುತ್ತಿದ್ದ ಹೆಸರು ಹೇಳಿದೆ: ಅಕ್ಕಯ್ಯಗಾರಿ ತೂಮು.
ಮೇಡಂ ಟ್ಯಾಬಿನಲ್ಲಿ ಒತ್ತಿದರು. ಉದ್ದದ ಹೆಸರು ಹಿಡಿಸುವುದಿಲ್ಲವಂತೆ.
"ಅಕ್ಕಯ್ಯಗಾರಿ ತೂ" ಎಂದು ನಿಂತುಬಿಟ್ಟಿತು.
ನಕ್ಕರು. ನಾನೂ ನಕ್ಕೆ.
ಆಮೇಲೆ ಬ್ಯಾಗಿನಿಂದ ನೋಟ್‌ಬುಕ್ಕು ತೆಗೆದು
ಕಾಗುಣಿತ ಕೇಳಿ ಕೇಳಿ ಪೂರ್ತಿ ಬರೆದುಕೊಂಡರು.
ಯಾವ ಕಾಲಂ ಮೇಡಂ, ಇತರೆನಾ? ಅಂದೆ.
"ನಿಮ್ಮಪ್ಪನ ಹೆಸರು ಹೇಳಿ" ಅಂದರು.

ತಿಂಗಳ ಕೊನೆಗೆ ನನ್ನ ನಿವೃತ್ತಿ. ಬೀಗದ ಕೈ ಒಪ್ಪಿಸಬೇಕು.
ಕೋಣೆಯಲ್ಲಿ ಉಳಿದಿರುವುದು ಬಿರುಕುಬಿಟ್ಟ ಗ್ಲೋಬು ಒಂದೇ;
ಅಂಟಾರ್ಕ್ಟಿಕಾದ ತೂತಿನಲ್ಲಿ ಇಲಿ ಮರಿ ಹಾಕಿದೆ.
ಮರಿ ಕಣ್ಣು ಬಿಡುವವರೆಗೆ
ಕೈ ನಿಮ್ಮ ಹತ್ತಿರವೇ ಇರಲಿ ಎಂದಿದ್ದಾರೆ ಮೇಡಂ.