ಭಾನುವಾರದ ತೂಕ

ಮಾವ ಅರುಳಪ್ಪನ ಕಾಲದಲ್ಲಿ ಅಂಗಡಿಗೆ ಬೋರ್ಡಿರಲಿಲ್ಲ.
ಲಿಂಗರಾಜಪುರಕ್ಕೆ ಫ್ಲೈಓವರ್ ಬರುವ ಮುಂಚೆ,
ರೈಲ್ವೆ ಗೇಟಿನ ಈಚೆ,
ನೀಲಿ ಬಾಗಿಲು ಅರ್ಧ ತೆರೆದಿದ್ದರೆ ಹಂದಿ ಇದೆ,
ಮುಚ್ಚಿದ್ದರೆ ಇಲ್ಲ.
ಮೊದಲ ಪೂಜೆ ಮುಗಿಸಿದವರು ಚೀಲ ಮಡಚಿ
ಬೈಬಲ್ಲಿನ ಅಡಿಗಿಟ್ಟುಕೊಂಡು ಬರೋರು.
ಕೊಕ್ಕೆಯಲ್ಲಿ ತೂಗೋ ತೊಡೆ ಒಮ್ಮೊಮ್ಮೆ ಅದುರೋದು,
ಏನೋ ನೆನಪಾದ ಹಾಗೆ.
ತಾಜಾನಾ ಅಂತ ಯಾರೂ ಕೇಳುತ್ತಿರಲಿಲ್ಲ.

ಈಗ ನನ್ನ ದರ ನಾನು ಹೇಳೋದಲ್ಲ.
ಲೂಧಿಯಾನದ ಲಾರಿ ಗುವಾಹಟಿ ಮುಟ್ಟದೆ ನಿಂತರೆ
ಇಲ್ಲಿ ಇಳಿಯುತ್ತೆ. ದಾರಿ ಬಿಟ್ಟರೆ ಏರುತ್ತೆ.
ಎರಡೂ ಊರು ನಾನು ಕಂಡಿಲ್ಲ.
ಬೆಳಗಿನ ನಾಲ್ಕಕ್ಕೆ ಯಾರೋ ಕಿಲೋಗೆ ಇಷ್ಟು ಅಂತಾರೆ,
ನಾನು ಸೀಮೆಸುಣ್ಣ ಹುಡುಕ್ತೀನಿ.

ನನ್ನ ಮಾಲು ಮಾಲೂರು ಕಡೆಯ ಚಿಕ್ಕಮುನಿಯಪ್ಪನ ದೊಡ್ಡಿಯದು.
ಅದು ತಿನ್ನೋದು ಈ ಊರನ್ನೇ.
ರಾತ್ರಿ ಹನ್ನೊಂದಕ್ಕೆ ತಂಗರಾಜನ ಟೆಂಪೋ
ಪೀಜಿಗಳ ಹಿಂಬಾಗಿಲಿಗೆ ಹೋಗಿ ಡ್ರಮ್ಮಿಗೆ ಸುರಿಸಿಕೊಳ್ಳುತ್ತೆ
ಹುಡುಗಿಯರು ಮುಟ್ಟದ ಉಪ್ಪಿಟ್ಟು, ಛತ್ರದ ಹರಿದ ಹೋಳಿಗೆ,
ಶುದ್ಧ ಸಸ್ಯಾಹಾರಿ ಅಂತ ಬೋರ್ಡು ಹಾಕಿದವರ ಸಾರು ಕೂಡ.
ಹೇಳಬಾರದಿತ್ತು. ಹೇಳಿಬಿಟ್ಟೆ.

ಹೋದ ವರ್ಷ ಟೈ ಕಟ್ಟಿದ ಹುಡುಗನೊಬ್ಬ ಬಂದ.
ಬೆಲ್ಜಿಯಮ್ಮಿನ ಮಾಂಸ, ಒಂದು ಕಿಲೋ, ಸ್ಯಾಂಪಲ್ಲು.
ಪ್ಲಾಸ್ಟಿಕ್ಕಿನ ಮೇಲೆ ಮೊಟ್ಟೆಯಾಕಾರದ ಮುದ್ರೆ,
ಕೊಂದ ತಾರೀಕು, ಕೊಯ್ದ ತಾರೀಕು, ಕಂಟೇನರ್ ನಂಬರು.
ನಮ್ಮ ಮಾವನಿಗೆ ಹುಟ್ಟಿದ ತಾರೀಕೇ ಇರಲಿಲ್ಲ,
ಆಧಾರ್‌ನವರು ಜನವರಿ ಒಂದು ಅಂತ ಬರೆದುಕೊಂಡರು.
"ಇದರೊಳಗೆ ತಾಜಾತನ ಲಾಕ್ ಆಗಿದೆ ಮೇಡಂ" ಅಂದ.
ತಟ್ಟೆಗಿಟ್ಟು ಕಾದೆ.
ಬಿಳಿ, ಅಚ್ಚುಕಟ್ಟು, ವಾಸನೆಯೇ ಇಲ್ಲ.
ಮಧ್ಯಾಹ್ನಕ್ಕೆ ಅರ್ಧ ಲೋಟ ನೀರಿಳಿದಿತ್ತು.
"ಅಷ್ಟು ದೂರದಿಂದ ಬಂದಿದೆ ಪಾಪ, ಬೆವರಿದೆ"
ಅಂದ ನನ್ನ ಮಗ.

ಬೆಳ್ಯಪ್ಪನವರು ಚರ್ಮ ಬಿಡಿಸಿದ್ದನ್ನು ಮುಟ್ಟಲ್ಲ.
ಮಿಜೋರಾಮಿನ ನರ್ಸು ಪುಯಿ
ಕೊಬ್ಬು ಇಷ್ಟಿರಬೇಕು ಅಂತ ಬೆರಳಲ್ಲಿ ತೋರಿಸ್ತಾಳೆ.
ಗ್ಯಾಸೊಲೆ ಮೇಲೆ ತಂತಿ ಕಟ್ಟಿ ಒಣಗಿಸ್ತಾಳಂತೆ,
ಓನರ್ ಬಾಡಿಗೆಗೆ ಬರೋ ದಿನ ಸಾಂಬ್ರಾಣಿ ಹಾಕ್ತಾಳಂತೆ.

ಆಮೇಲೆ ಜ್ವರ ಬಂತು.
ಅದಕ್ಕೆ ಮುದ್ರೆ ಬೇಕಿಲ್ಲ, ಕಂಟೇನರೂ ಬೇಕಿಲ್ಲ.
ಮೊದಲು ಪುಯಿಯ ಊರಿಗೆ.
ಅಮ್ಮನ ಎರಡು ಹಂದಿ ಹೋದವು ಅಂತ ವಿಡಿಯೋ ತೋರಿಸಿದಳು,
ಖಾಲಿ ಗೂಡು, ಬಿದಿರಿನದು.
ಅಯ್ಯೋ ಅಂದೆ.
ಅನ್ನುತ್ತಲೇ ಒಳಗೊಳಗೆ ಲೆಕ್ಕ ಹಾಕಿದೆ,
ನಾಳೆ ದರ ಎಷ್ಟಾದೀತು.
ಎಂಟು ವಾರಕ್ಕೆ ಮಾಲೂರು.
ಜೇಸಿಬಿ, ಗುಂಡಿ, ಸುಣ್ಣದ ಮೂಟೆ.
ಚಿಕ್ಕಮುನಿಯಪ್ಪ ಫೋನು ಮಾಡಿ ಏನೂ ಮಾತಾಡಲಿಲ್ಲ.
ಅವನ ಹಿಂದೆ ದೊಡ್ಡಿ ಯಾವತ್ತೂ ಗಲಾಟೆ ಮಾಡೋದು,
"ಕೇಳಿಸಲ್ಲ, ಜೋರಾಗಿ ಹೇಳು" ಅಂತ ಕಿರುಚುತ್ತಿದ್ದೆ.
ಅವತ್ತು ಅವನ ಉಸಿರು ಕೂಡ ಕೇಳಿಸಿತು.

ಆ ಭಾನುವಾರ ಕೊಕ್ಕೆ ಖಾಲಿ, ಫ್ರೀಜರಿನಲ್ಲಿ ಬೆಲ್ಜಿಯಂ.
ಅಭ್ಯಾಸಕ್ಕೆ ಬಾಗಿಲು ಅರ್ಧವೇ ತೆರೆದೆ.
ಪುಯಿ ಪ್ಯಾಕೆಟ್ಟು ಎತ್ತಿ ಉಗುರಿನಲ್ಲಿ ತಟ್ಟಿದಳು.
ಕಲ್ಲಿನ ಸದ್ದು.
"ತಾಜಾನಾ ಅಕ್ಕಾ?"
ನಾನು ಮುದ್ರೆ ಇರೋ ಮಗ್ಗುಲನ್ನು ತಿರುಗಿಸಿ ತೋರಿಸಿದೆ.
ಅರ್ಧ ಕಿಲೋ ಕೇಳಿದಳು. ಅದು ಒಡೆಯಲ್ಲ,
ಒಂದೇ ತೂಕ, ಅಲ್ಲೇ ತೂಗಿ ಕಳಿಸಿರ್ತಾರೆ.
ತಕ್ಕಡಿ ಸುಮ್ಮನೆ ಕೂತಿತ್ತು.

ರಾತ್ರಿ ಹನ್ನೊಂದೂವರೆಗೆ ತಂಗರಾಜನ ಫೋನು.
ಪೀಜಿಯವರು ಎಂದಿನಂತೆ ತುಂಬಿಸಿಬಿಟ್ಟಿದ್ದಾರೆ,
ಭಾನುವಾರ ಬೇರೆ, ಪಲಾವು, ಜಾಮೂನು,
ಹನ್ನೆರಡು ಡ್ರಮ್ಮು, ಹಳ್ಳ ಹಾರಿದಾಗೆಲ್ಲ ರೋಡಿಗೆ ಚೆಲ್ಲುತ್ತಿದೆ.
"ರೆಜಿನಕ್ಕಾ, ಹೊಸಕೋಟೆ ರೋಡಲ್ಲಿ ನಿಂತಿದ್ದೀನಿ.
ಇದನ್ನ ಈಗ ಎಲ್ಲಿ ಸುರೀಲಿ?"